ಎರಡು ಪರದೆಯ ನಿರ್ದೇಶಕರು

ಮಂಡ್ಯ ಜಿಲ್ಲೆಯಲ್ಲಿ ಸಿನಿಮಾದ ಮಾತು ಎದ್ದರೆ ಮೊದಲು ಬರುವುದು ನಟನ ಹೆಸರು. ಮದ್ದೂರು ತಾಲ್ಲೂಕಿನ ದೊಡ್ಡರಸಿನಕೆರೆಯ ಅಂಬರೀಶ್ ಅವರ ಫೋಟೋ ಆಟೋಗಳ ಬೆನ್ನಿನ ಮೇಲೂ ಇರುತ್ತದೆ, ಹೋಟೆಲಿನ ಗಲ್ಲಾದ ಮೇಲೂ ಇರುತ್ತದೆ. ನಿರ್ದೇಶಕರ ಫೋಟೋ ಹಾಗೆ ಅಂಟಿಸುವವರಿಲ್ಲ. ಆದರೂ ಇದೇ ನೆಲ ಕನ್ನಡಕ್ಕೆ ನಿರ್ದೇಶಕರನ್ನೂ ಕೊಟ್ಟಿದೆ. ‘ಜೋಗಿ’ ತೆಗೆದ ಪ್ರೇಮ್ ಬೆಸಗರಹಳ್ಳಿ ಕಡೆಯವರು. ನಾಗಮಂಗಲ ತಾಲ್ಲೂಕಿನ ನಾಗತಿಹಳ್ಳಿಯಿಂದ ಬಂದ ಚಂದ್ರಶೇಖರ್ ತಮ್ಮ ಊರನ್ನೇ ಹೆಸರಿನ ಮುಂದೆ ಇಟ್ಟುಕೊಂಡು ಮೂವತ್ತು ವರ್ಷಕ್ಕೂ ಮಿಕ್ಕಿ ಸಿನಿಮಾ ಮಾಡಿದವರು. ಇವರಿಬ್ಬರ ನಡುವೆ ಒಂದು ಮುಖ್ಯ ವ್ಯತ್ಯಾಸವಿದೆ. ಪ್ರೇಮ್ ಅವರದು ಬಹುಮಟ್ಟಿಗೆ ದೊಡ್ಡ ಪರದೆಯ ದುಡಿಮೆ. ನಾಗತಿಹಳ್ಳಿ ದೊಡ್ಡ ಪರದೆಯಲ್ಲೂ ಕೆಲಸ ಮಾಡಿದರು, ಮನೆಯೊಳಗಿನ ಪೆಟ್ಟಿಗೆಗೂ ಧಾರಾವಾಹಿ ಮಾಡಿದರು.

ಹೀಗೆ ಎರಡೂ ಕಡೆ ದುಡಿದ ಕನ್ನಡ ನಿರ್ದೇಶಕರ ಸಾಲು ಸಣ್ಣದಲ್ಲ. ಶಂಕರ್ ನಾಗ್, ಟಿ.ಎಸ್. ನಾಗಾಭರಣ, ಗಿರೀಶ ಕಾಸರವಳ್ಳಿ, ಟಿ.ಎನ್. ಸೀತಾರಾಮ್, ಪಿ. ಶೇಷಾದ್ರಿ, ಬಿ. ಸುರೇಶ, ಎಸ್. ನಾರಾಯಣ್ ಎಲ್ಲರೂ ಈ ಸಾಲಿನವರೇ. ಇವರ ಬಗ್ಗೆ ಬರೆಯುವಾಗ ಸಿನಿಮಾಗಳನ್ನು ವರ್ಷ ಹಿಡಿದು ಎಣಿಸುವುದು, ಧಾರಾವಾಹಿಗಳನ್ನು ಕೊನೆಯಲ್ಲಿ ಒಂದು ಸಾಲಿನಲ್ಲಿ ಮುಗಿಸುವುದು ವಾಡಿಕೆ. ಸಿನಿಮಾ ಕಲೆ, ಧಾರಾವಾಹಿ ಹೊಟ್ಟೆಪಾಡು ಎಂಬ ಎಣಿಕೆ ಅದರ ಹಿಂದಿದೆ. ಈ ಎಣಿಕೆ ಸರಿಯಲ್ಲ. ಸುಮಾರು ಎರಡು ದಶಕಗಳ ಕಾಲ ಕನ್ನಡದ ಕಿರುತೆರೆಯು ಸಿನಿಮಾ ನಿರ್ದೇಶಕರಿಗೆ ಸಿನಿಮಾ ಕೊಡಲಾರದ್ದನ್ನು ಕೊಟ್ಟಿತು. ಆಮೇಲೆ ಅದನ್ನು ಮರಳಿ ಕಿತ್ತುಕೊಂಡಿತು ಎನ್ನುವುದೂ ಅಷ್ಟೇ ನಿಜ.

ನಾಗತಿಹಳ್ಳಿ ಚಂದ್ರಶೇಖರ್ ಹುಟ್ಟಿದ್ದು 1958ರ ಆಗಸ್ಟ್ 15ರಂದು. ಕನ್ನಡ ಸಾಹಿತ್ಯ ಓದಿ, ಕತೆ ಬರೆದು ಹೆಸರು ಮಾಡಿದ ಮೇಲೆ ಅವರು ಚಿತ್ರರಂಗಕ್ಕೆ ಬಂದರು. ಸುರೇಶ್ ಹೆಬ್ಳೀಕರ್ ನಿರ್ದೇಶನದ ‘ಕಾಡಿನ ಬೆಂಕಿ’ಯ ಬರವಣಿಗೆಯಲ್ಲಿ ಅವರ ಕೈಯಿತ್ತು. ಸ್ವತಂತ್ರವಾಗಿ ನಿರ್ದೇಶಿಸಿದ ಮೊದಲ ಚಿತ್ರ 1992ರ ‘ಉಂಡೂ ಹೋದ ಕೊಂಡೂ ಹೋದ’. ಸರಕಾರದ ಮನುಷ್ಯ ಎಂದು ಹೇಳಿಕೊಂಡು ಹಳ್ಳಿಗೆ ಬಂದ ಒಬ್ಬ ಮಾತುಗಾರ ಇಡೀ ಊರನ್ನು ಯಾಮಾರಿಸುವ ಕತೆ. ಆ ಪಾತ್ರದಲ್ಲಿ ಅನಂತ್ ನಾಗ್ ಎಷ್ಟು ಸಲೀಸಾಗಿ ಸುಳ್ಳು ಹೇಳುತ್ತಾರೆಂದರೆ, ಮೋಸ ಹೋಗುವ ಹಳ್ಳಿಯವರ ಜೊತೆ ನೋಡುವವನೂ ಸೇರಿಕೊಳ್ಳುತ್ತಾನೆ. ನಗಿಸುತ್ತಲೇ ಸರಕಾರಿ ಯೋಜನೆಗಳ ಮೇಲಿನ ಹಳ್ಳಿಗರ ಆಸೆಯನ್ನೂ ಪೆದ್ದುತನವನ್ನೂ ತೋರಿಸಿದ ಚಿತ್ರ ಅದು.

ಎರಡು ವರ್ಷದ ಮೇಲೆ ಕುಂ. ವೀರಭದ್ರಪ್ಪನವರ ಕತೆಯನ್ನು ಆಧರಿಸಿ ‘ಕೊಟ್ರೇಶಿ ಕನಸು’ ಬಂತು. ಓದಬೇಕೆನ್ನುವ ದಲಿತ ಹುಡುಗನ ಆಸೆಗೆ ಊರು ಅಡ್ಡ ನಿಲ್ಲುವ ಕತೆ. ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಅದಕ್ಕೆ ಸಿಕ್ಕಿತು, ಬಾಲನಟ ವಿಜಯ್ ರಾಘವೇಂದ್ರ ಅವರಿಗೂ ರಾಷ್ಟ್ರಪ್ರಶಸ್ತಿ ಬಂತು. ನಂತರದ ‘ಅಮೆರಿಕಾ ಅಮೆರಿಕಾ’ ಹೊಸ ದಿಕ್ಕು ಹಿಡಿಯಿತು. ಹಳ್ಳಿ ಬಿಟ್ಟು ಬೆಂಗಳೂರಿಗೆ ಬಂದವರ ಕತೆ ಕನ್ನಡದಲ್ಲಿ ಆಗಲೇ ಬೇಕಾದಷ್ಟಿತ್ತು. ಬೆಂಗಳೂರು ಬಿಟ್ಟು ಕಡಲಾಚೆ ಹೋದವರ ಮನೆಯೊಳಗೆ ಕ್ಯಾಮೆರಾ ಇಟ್ಟವರು ಕಡಿಮೆ. ಅಮೆರಿಕದಲ್ಲಿ ಎಂಜಿನಿಯರ್ ಆಗಿದ್ದ ಮನೋಮೂರ್ತಿ ಈ ಚಿತ್ರದಿಂದ ಸಂಗೀತ ನಿರ್ದೇಶಕರಾದರು. 44ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಕನ್ನಡ ಚಿತ್ರದ ಗೌರವ ಇದಕ್ಕೇ ಬಂತು.

ಆಮೇಲಿನ ದಾರಿ ಏರಿಳಿತದ್ದು. ‘ಹೂಮಳೆ’, ‘ನನ್ನ ಪ್ರೀತಿಯ ಹುಡುಗಿ’, ‘ಪ್ಯಾರಿಸ್ ಪ್ರಣಯ’, ಅಮಿತಾಭ್ ಬಚ್ಚನ್ ಒಂದು ಗಳಿಗೆ ಬಂದುಹೋಗುವ ‘ಅಮೃತಧಾರೆ’ (2005), ಗಣಿಗಾರಿಕೆಗೆ ಎದುರು ನಿಲ್ಲುವ ಹೂವಿನ ಬೆಳೆಗಾರನಾಗಿ ವಿಷ್ಣುವರ್ಧನ್ ನಟಿಸಿದ ‘ಮಾತಾಡ್ ಮಾತಾಡು ಮಲ್ಲಿಗೆ’ (2007), ಕೊನೆಗೆ 2020ರ ‘ಇಂಡಿಯಾ ವರ್ಸಸ್ ಇಂಗ್ಲೆಂಡ್’. ಅವರ ಕತೆಗಳಲ್ಲಿ ಯಾರೋ ಒಬ್ಬರು ಊರು ಬಿಟ್ಟಿರುತ್ತಾರೆ, ಬಿಟ್ಟದ್ದು ಅವರನ್ನು ಎಳೆಯುತ್ತಿರುತ್ತದೆ. ಎಳೆತ ಗಟ್ಟಿಯಾಗಿದ್ದಾಗ ಚಿತ್ರವೂ ಗಟ್ಟಿ. ಪ್ರವಾಸದ ಚೆಲುವೇ ಮುಂದಾದಾಗ ಪಾತ್ರಗಳು ಹಿಂದೆ ಉಳಿದಿವೆ. ಪ್ರವಾಸ ಕಥನವನ್ನೂ ಚೆನ್ನಾಗಿ ಬರೆಯಬಲ್ಲ ನಿರ್ದೇಶಕರಿಗೆ ಇದೊಂದು ಕಾಡುವ ಆಮಿಷ ಇದ್ದೀತು. ‘ವಠಾರ’, ‘ಪ್ರತಿಬಿಂಬ’ದಂಥ ಧಾರಾವಾಹಿಗಳಲ್ಲಿ ಈ ಆಮಿಷಕ್ಕೆ ಜಾಗವೇ ಇರಲಿಲ್ಲ. ವಠಾರ ಎಂದ ಮೇಲೆ ಅಲ್ಲಿ ನಲ್ಲಿ ನೀರು, ಬಾಡಿಗೆ, ಪಕ್ಕದ ಮನೆಯ ಒಗ್ಗರಣೆಯ ವಾಸನೆ. ಎರಡೂವರೆ ಗಂಟೆಯ ಸಿನಿಮಾದಲ್ಲಿ ಇಂಥ ಜಾಗ ನಾಯಕನ ಮನೆಯ ಹಿನ್ನೆಲೆಯಾಗಿ ಸರಿದುಹೋಗುತ್ತದೆ. ಧಾರಾವಾಹಿಯಲ್ಲಿ ಪ್ರತಿ ಬಾಗಿಲನ್ನೂ ಒಂದೊಂದು ದಿನ ತಟ್ಟಬಹುದು.

ಈ ಬಿಡುವನ್ನು ಕನ್ನಡದ ನಿರ್ದೇಶಕರಿಗೆ ಮೊದಲು ಕೊಟ್ಟದ್ದು ದೂರದರ್ಶನ. ಆಗ ಅದಕ್ಕೊಂದು ಅಳತೆಯಿತ್ತು: ವಾರಕ್ಕೊಂದು ಕಂತು, ಹದಿಮೂರು ವಾರ. ಕತೆ ಶುರುವಾಗುವ ಮುಂಚೆಯೇ ಅದು ಎಲ್ಲಿ ಮುಗಿಯುತ್ತದೆಂದು ಬರೆಯುವವರಿಗೆ ಗೊತ್ತಿರುತ್ತಿತ್ತು. ಶಂಕರ್ ನಾಗ್ ಅವರ ‘ಮಾಲ್ಗುಡಿ ಡೇಸ್’ನ 39 ಕಂತುಗಳೆಂದರೆ ಹದಿಮೂರರ ಮೂರು ಪಟ್ಟು. 1986ರ ಹೊತ್ತಿಗೆ ಅವರಿಗೆ ಮೂವತ್ತೆರಡು ತುಂಬುತ್ತಿತ್ತು. ‘ಮಿಂಚಿನ ಓಟ’, ‘ಗೀತಾ’, ‘ಆಕ್ಸಿಡೆಂಟ್’ ಆಗಲೇ ಮುಗಿದಿದ್ದವು. ಆರ್.ಕೆ. ನಾರಾಯಣ್ ಅವರ ಕಲ್ಪನೆಯ ಊರಿಗೆ ಆಗುಂಬೆಯ ಬೀದಿ, ಅಲ್ಲಿನ ದೊಡ್ಡಮನೆಯ ಜಗಲಿ ಸಿಕ್ಕಿತು. ಎಲ್. ವೈದ್ಯನಾಥನ್ ಸಂಗೀತ, ಆರ್.ಕೆ. ಲಕ್ಷ್ಮಣ್ ಚಿತ್ರಗಳು, ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅಪ್ಪನಾಗಿ ಗಿರೀಶ ಕಾರ್ನಾಡ, ಅಮ್ಮನಾಗಿ ವೈಶಾಲಿ ಕಾಸರವಳ್ಳಿ. ಹಿಂದಿ ಮತ್ತು ಇಂಗ್ಲಿಷಿನಲ್ಲಿ ತಯಾರಾದ ಈ ಧಾರಾವಾಹಿಯ ಮೈಯೆಲ್ಲ ಕನ್ನಡ ರಂಗಭೂಮಿಯದು.

ಶಂಕರ್ ನಾಗ್ ಅವರ ಸಿನಿಮಾಗಳು ಓಟದವು. ಮೋಟಾರು, ಕಳ್ಳತನ, ತನಿಖೆ. ‘ಮಾಲ್ಗುಡಿ’ಯಲ್ಲಿ ಒಬ್ಬ ಅಂಚೆಯವನು ಒಂದು ಕಾಗದವನ್ನು ಕೊಡದೆ ಬಚ್ಚಿಟ್ಟದ್ದೇ ಒಂದು ಕಂತಿಗೆ ಸಾಕಾಗುತ್ತದೆ. ಅವರೊಳಗಿದ್ದ ಈ ಇನ್ನೊಬ್ಬ ನಿರ್ದೇಶಕ ಹೊರಬಂದದ್ದು ಕಿರುತೆರೆಯಿಂದ. 1990ರ ಸೆಪ್ಟೆಂಬರ್ 30ರಂದು ದಾವಣಗೆರೆ ಬಳಿಯ ಆನಗೋಡಿನಲ್ಲಿ ಅಪಘಾತವಾಗದಿದ್ದರೆ ಆತ ಇನ್ನೇನು ಮಾಡುತ್ತಿದ್ದನೋ.

ನಾಗಾಭರಣರದು ಇದಕ್ಕಿಂತ ಉದ್ದದ ಹಾದಿ. ಬಿ.ವಿ. ಕಾರಂತರ ‘ಬೆನಕ’ ನಾಟಕ ತಂಡದಲ್ಲಿ ಬೆಳೆದು, ‘ಗ್ರಹಣ’ದಿಂದ ಚಿತ್ರ ನಿರ್ದೇಶನ ಶುರುಮಾಡಿದವರು. ಊರಹಬ್ಬದ ಕೆಲವೇ ದಿನಗಳ ಮಟ್ಟಿಗೆ ದಲಿತರಿಗೆ ಬ್ರಾಹ್ಮಣ್ಯ ಕೊಟ್ಟು ಆಮೇಲೆ ಕಿತ್ತುಕೊಳ್ಳುವ ಆಚರಣೆಯ ಮೇಲಿನ ಆ ಚಿತ್ರ ಈಗ ನೋಡಿದರೂ ಮೊನಚಾಗಿದೆ. ಮುಂದೆ ‘ಬ್ಯಾಂಕರ್ ಮಾರ್ಗಯ್ಯ’, ‘ಸಂತ ಶಿಶುನಾಳ ಶರೀಫ’, ‘ಚಿನ್ನಾರಿ ಮುತ್ತ’, ‘ನಾಗಮಂಡಲ’, ‘ಸಿಂಗಾರೆವ್ವ’. ಇವುಗಳ ನಡುವೆಯೇ ರಾಜ್‌ಕುಮಾರ್ ಅವರೊಡನೆ ‘ಆಕಸ್ಮಿಕ’, ಶಿವರಾಜ್‌ಕುಮಾರ್ ಅವರೊಡನೆ ‘ಜನುಮದ ಜೋಡಿ’. ಪ್ರಶಸ್ತಿಯ ಚಿತ್ರ, ಗಲ್ಲಾಪೆಟ್ಟಿಗೆಯ ಚಿತ್ರ ಎಂಬ ಗೋಡೆಯನ್ನು ಇಷ್ಟು ಸಲ ಹಾರಿದವರು ಕನ್ನಡದಲ್ಲಿ ಬೆರಳೆಣಿಕೆಯವರು.

ಮಂಡ್ಯ ಜಿಲ್ಲೆಗೆ ಅವರ ದೊಡ್ಡ ಕೊಡುಗೆ 1992ರ ‘ಮೈಸೂರು ಮಲ್ಲಿಗೆ’. ಕೆ.ಆರ್. ಪೇಟೆ ತಾಲ್ಲೂಕಿನ ಕಿಕ್ಕೇರಿಯಲ್ಲಿ 1915ರಲ್ಲಿ ಹುಟ್ಟಿದ ಕೆ.ಎಸ್. ನರಸಿಂಹಸ್ವಾಮಿಯವರ ಕವಿತೆಗಳನ್ನೇ ಜೋಡಿಸಿ ಕತೆ ಕಟ್ಟಿದ ಚಿತ್ರ. ಗೀತರಚನೆಗೆ ಕವಿಗೆ ರಾಷ್ಟ್ರಪ್ರಶಸ್ತಿ ಬಂದಾಗ ಅವರಿಗೆ ಎಪ್ಪತ್ತೈದು ದಾಟಿತ್ತು, ಅದೇ ಹೆಸರಿನ ಕವನ ಸಂಕಲನ ಅಚ್ಚಾಗಿ ಅರ್ಧ ಶತಮಾನವಾಗಿತ್ತು! ಬಿಡಿ ಕವಿತೆಗಳಿಂದ ಒಂದು ಸಂಸಾರವನ್ನು ಕಟ್ಟಿ ನಿಲ್ಲಿಸುವ ಈ ಧೈರ್ಯ ಬರುವ ಮುಂಚೆ ನಾಗಾಭರಣ ದೂರದರ್ಶನಕ್ಕಾಗಿ ಹಿಂದಿಯಲ್ಲಿ ‘ತೆನಾಲಿ ರಾಮ’ ಮಾಡಿದ್ದರು. ಪ್ರತಿ ವಾರ ಒಂದು ಸಣ್ಣ ಪ್ರಸಂಗ, ಒಂದು ಸಿಕ್ಕು, ಒಂದು ಬಿಡುಗಡೆ. ವಿಜಯ್ ಕಶ್ಯಪ್ ತೆನಾಲಿಯಾಗಿದ್ದ ಆ ಧಾರಾವಾಹಿಯಲ್ಲಿ ಬಿಡಿ ಪ್ರಸಂಗಗಳನ್ನು ಪೋಣಿಸುವ ಕೈಚಳಕ ಪಳಗಿತ್ತು ಎಂದು ಊಹಿಸಲು ಅಡ್ಡಿಯಿಲ್ಲ. ಖಾಸಗಿ ಚಾನೆಲ್‌ಗಳು ಬಂದ ಮೇಲೆ ‘ಸಂಕ್ರಾಂತಿ’, ‘ಮಹಾಮಾಯಿ’ಗಳ ಮೂಲಕ ಅವರು ದಿನವಹಿ ಧಾರಾವಾಹಿಗೂ ಕೈ ಹಾಕಿದರು.

ಬೇರೆ ದೇಶಗಳಲ್ಲಿ ಈ ಲೆಕ್ಕ ಹೇಗಿದೆ? ಸ್ಪೇನಿನ ನಾರ್ಸಿಸೊ ಇಬಾನ್ಯೆಸ್ ಸೆರಾದೋರ್ ಕತೆ ಇಲ್ಲಿ ಸ್ವಾರಸ್ಯದ್ದು. 1935ರಲ್ಲಿ ಉರುಗ್ವೆಯ ಮೊಂಟೆವಿಡಿಯೊದಲ್ಲಿ ಹುಟ್ಟಿ, ಫ್ರಾಂಕೋ ಆಳ್ವಿಕೆಯ ಸ್ಪೇನಿನ ಸರಕಾರಿ ಟಿವಿ ಸೇರಿದವರು. 1966ರಲ್ಲಿ ನಿದ್ದೆಗೆಡಿಸುವ ದೆವ್ವದ ಕತೆಗಳ ಸರಣಿ, 1972ರಿಂದ ಮನೆಮಂದಿಯೆಲ್ಲ ಕೂತು ನೋಡುವ ‘ಉನ್, ದೋಸ್, ತ್ರೆಸ್’ ಎಂಬ ಆಟದ ಕಾರ್ಯಕ್ರಮ. ಸಿನಿಮಾ ಅಂತ ಮಾಡಿದ್ದು ಎರಡೇ, 1969ರಲ್ಲೊಂದು, 1976ರಲ್ಲೊಂದು. ಅಷ್ಟಕ್ಕೇ ಸ್ಪೇನಿನ ಭಯದ ಸಿನಿಮಾದ ಹಿರಿಯನೆಂದು ಆತನನ್ನು ಒಪ್ಪಿಕೊಂಡರು. 2019ರಲ್ಲಿ, ಸಾಯುವ ಕೆಲವೇ ತಿಂಗಳ ಮುಂಚೆ, ಆ ದೇಶದ ಗೋಯಾ ಗೌರವ ಪ್ರಶಸ್ತಿ ಕೊಟ್ಟರು. ಟಿವಿ ಕೆಲಸವನ್ನು ಆತನ ಬಾಳಿನ ಖಾಲಿ ಪುಟಗಳೆಂದು ಅಲ್ಲಿ ಯಾರೂ ಅನ್ನಲಿಲ್ಲ. ಸ್ವೀಡನ್ನಿನ ಬರ್ಗ್‌ಮನ್, ಪೋಲೆಂಡಿನ ಕೀಸ್ಲೋವ್ಸ್ಕಿ ಟಿವಿಗೆಂದೇ ಮಾಡಿದ ಸರಣಿಗಳು ಅವರ ಮುಖ್ಯ ಕೃತಿಗಳಾಗಿವೆ. ನಮ್ಮಲ್ಲೇ ‘ತಮಸ್’, ‘ಭಾರತ್ ಏಕ್ ಖೋಜ್’ ಇಲ್ಲವೇ? ಕನ್ನಡದ ವಿಮರ್ಶೆ ಮಾತ್ರ ‘ಮಾಲ್ಗುಡಿ’ಯೊಂದನ್ನು ಬಿಟ್ಟು ಉಳಿದದ್ದರ ಕಡೆ ಕಣ್ಣು ಹಾಯಿಸಲು ಹಿಂಜರಿಯಿತು.

ಹಾಗೆ ಹಿಂಜರಿದದ್ದರಿಂದ ಆದ ದೊಡ್ಡ ನಷ್ಟ ‘ಮಾಯಾಮೃಗ’ದ್ದು. 1998ರಲ್ಲಿ ದೂರದರ್ಶನದ ಚಂದನದಲ್ಲಿ ಶುರುವಾದ ಆ ಧಾರಾವಾಹಿಯನ್ನು ಟಿ.ಎನ್. ಸೀತಾರಾಮ್, ಪಿ. ಶೇಷಾದ್ರಿ, ನಾಗೇಂದ್ರ ಶಾ ಸೇರಿ ನಿರ್ದೇಶಿಸಿದರು. ಮಧ್ಯಮ ವರ್ಗದ ಮನೆಗಳ ಹಣಕಾಸು, ಮದುವೆ, ಆಸೆ, ನಾಚಿಕೆ ಎಲ್ಲವೂ ಅದರಲ್ಲಿ ಮಾತಿನ ಮೂಲಕವೇ ತೆರೆದುಕೊಂಡವು. ಸೀತಾರಾಮ್ ಕಾನೂನು ಓದಿ ವಕೀಲಿಕೆ ಮಾಡಿದವರು, ನಾಟಕ ಬರೆದವರು. ಮುಂದೆ ‘ಮನ್ವಂತರ’, ‘ಮುಕ್ತ’ಗಳಲ್ಲಿ ಇದು ಎದ್ದು ಕಂಡಿತು. ಸ್ವತಃ ಕಪ್ಪು ಕೋಟು ತೊಟ್ಟು ಸಿ.ಎಸ್.ಪಿ. ಎಂಬ ವಕೀಲನಾಗಿ ಅವರು ಸಾಕ್ಷಿಯನ್ನು ಪಾಟೀಸವಾಲಿಗೆ ಒಳಪಡಿಸುವ ದೃಶ್ಯಗಳು ಹಲವು ಕಂತು ಹರಿದರೂ ಜನ ಎದ್ದು ಹೋಗಲಿಲ್ಲ. ಸಿನಿಮಾದಲ್ಲಿ ನ್ಯಾಯಾಲಯ ಎಂದರೆ ಕೂಗಾಟ, ಕೊನೆಗೊಂದು ತೀರ್ಪು. ಇಲ್ಲಿ ವಾದವೇ ಕತೆ.

ಸೀತಾರಾಮ್ ಮೊದಲ ಚಿತ್ರ ‘ಮತದಾನ’. ಎಸ್.ಎಲ್. ಭೈರಪ್ಪನವರ ಕಾದಂಬರಿಯ ಈ ರೂಪಾಂತರ ಹಳ್ಳಿಯ ವೈದ್ಯನೊಬ್ಬ ಚುನಾವಣೆಯ ಸುಳಿಗೆ ಸಿಕ್ಕುವುದನ್ನು ಹೇಳುತ್ತದೆ. ಜಾತಿ, ಹಣ, ಮುಲಾಜು ಸೇರಿ ಮತ ಹೇಗೆ ತಿರುಗುತ್ತದೆಂಬುದನ್ನು ಮಂಡ್ಯ ಸೀಮೆಯವರಿಗೆ ಯಾರೂ ಹೇಳಿಕೊಡಬೇಕಿಲ್ಲ. ಆದರೂ ಪರದೆಯ ಮೇಲೆ ಅದನ್ನು ಇಷ್ಟು ತಾಳ್ಮೆಯಿಂದ ತೋರಿಸಿದ ಚಿತ್ರಗಳು ಕಡಿಮೆ. ಆ ತಾಳ್ಮೆ ಬಂದದ್ದು ಧಾರಾವಾಹಿಯಿಂದ. ಶೇಷಾದ್ರಿಯವರ ಪಾಡೂ ಹಾಗೆಯೇ: ‘ಮಾಯಾಮೃಗ’ದ ಬೆನ್ನಿಗೇ ಬಂದ ‘ಮುನ್ನುಡಿ’ ರಾಷ್ಟ್ರಪ್ರಶಸ್ತಿ ತಂದಿತು, ಆಮೇಲೆ ‘ಅತಿಥಿ’, ‘ಬೇರು’, ‘ಬೆಟ್ಟದ ಜೀವ’, ‘ಭಾರತ್ ಸ್ಟೋರ್ಸ್’. ಕಿರುತೆರೆಯಿಂದ ಹಿರಿತೆರೆಗೆ ಏಣಿ ಇತ್ತೆನ್ನಲು ಇವರಿಬ್ಬರೇ ಸಾಕು.

ಎದುರು ದಿಕ್ಕಿನಿಂದ ಬಂದವರು ಗಿರೀಶ ಕಾಸರವಳ್ಳಿ. ‘ಘಟಶ್ರಾದ್ಧ’, ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ ಎಂದು ನಾಲ್ಕು ಸಲ ಸ್ವರ್ಣಕಮಲ ಪಡೆದ ನಿರ್ದೇಶಕ ಈಟಿವಿಗಾಗಿ ಭೈರಪ್ಪನವರ ‘ಗೃಹಭಂಗ’ವನ್ನು ಧಾರಾವಾಹಿ ಮಾಡಿದರು. ನಂಜಮ್ಮನಾಗಿ ಮಾಳವಿಕಾ. ಆ ಕಾದಂಬರಿಯಲ್ಲಿ ಬಡತನ ಒಂದೇ ಸಲ ಬಂದೆರಗುವುದಿಲ್ಲ. ಶಾನುಭೋಗಿಕೆಯ ಲೆಕ್ಕ, ಜಮೀನು ಕಳೆದುಕೊಳ್ಳುವುದು, ಅತ್ತೆ ಗಂಗಮ್ಮನ ಬಾಯಿ, ಕೊನೆಗೆ ಪ್ಲೇಗು ಹೀಗೆ ಮೆಟ್ಟಿಲು ಮೆಟ್ಟಿಲಾಗಿ ಮನೆ ಕುಸಿಯುತ್ತದೆ. ಎರಡು ಗಂಟೆಗೆ ಇಳಿಸಿದರೆ ಅದು ಬರಿಯ ದುರಂತಗಳ ಪಟ್ಟಿಯಾದೀತು. ಅದೇ ಚಾನೆಲ್‌ನಲ್ಲಿ ವೈಶಾಲಿ ಕಾಸರವಳ್ಳಿ ನಿರ್ದೇಶಿಸಿದ ‘ಮೂಡಲ ಮನೆ’ ಉತ್ತರ ಕರ್ನಾಟಕದ ಮಾತನ್ನು ಹಳೇ ಮೈಸೂರಿನ ಅಡುಗೆಮನೆಗಳಿಗೆ ತಂದಿತು.

ಇಲ್ಲಿಗೆ ಒಳ್ಳೆಯ ಕಾಲ ಹೆಚ್ಚುಕಮ್ಮಿ ಮುಗಿಯಿತು. 1994ರಲ್ಲಿ ಉದಯ, 2000ದಲ್ಲಿ ಈಟಿವಿ ಬಂದಾಗ ಚಾನೆಲ್‌ಗಳಿಗೆ ಹೆಸರಿರುವ ನಿರ್ದೇಶಕರು ಬೇಕಿತ್ತು. 2006ರಲ್ಲಿ ಝೀ ಕನ್ನಡ, ಮರುವರ್ಷ ಸುವರ್ಣ ಬಂದ ಮೇಲೆ ಪೈಪೋಟಿ ವಾರದ ಟಿಆರ್‌ಪಿಗೆ ಇಳಿಯಿತು. ವಾರಕ್ಕೆ ಐದು ಕಂತು, ಆರು ಕಂತು. ಒಬ್ಬರೇ ಅಷ್ಟನ್ನು ಚಿತ್ರಿಸಲಾಗುವುದಿಲ್ಲ, ಹೀಗಾಗಿ ಪ್ರಧಾನ ನಿರ್ದೇಶಕರ ಕೆಳಗೆ ಸಂಚಿಕೆ ನಿರ್ದೇಶಕರು ಬಂದರು. ಕತೆಗೊಬ್ಬರು, ಚಿತ್ರಕತೆಗೊಬ್ಬರು, ಸಂಭಾಷಣೆಗೊಬ್ಬರು. ಯಾವ ಪಾತ್ರ ಬೆಳೆಯಬೇಕು, ಯಾವುದು ಸಾಯಬೇಕೆಂದು ಹೇಳುವವರು ಚಾನೆಲ್‌ನ ಫಿಕ್ಷನ್ ವಿಭಾಗದವರು. ಕತೆಯ ಕೊನೆ ಎಲ್ಲಿದೆಯೆಂದು ನಿರ್ದೇಶಕನಿಗೇ ತಿಳಿಯದಂತಾಯಿತು. ರೇಟಿಂಗ್ ಇದ್ದರೆ ಸಾವಿರ ಕಂತು, ಬಿದ್ದರೆ ಮುಂದಿನ ತಿಂಗಳು ಮುಕ್ತಾಯ.

ಡಬ್ಬಿಂಗಿನ ಜಗಳವೂ ಇದಕ್ಕೆ ಸೇರಿಕೊಂಡಿತು. ದಶಕಗಳ ಕಾಲ ಕನ್ನಡಕ್ಕೆ ಡಬ್ಬಿಂಗ್ ಬರದಂತೆ ಚಿತ್ರರಂಗ ತಡೆದಿತ್ತು. 2015ರಲ್ಲಿ ಸ್ಪರ್ಧಾ ಆಯೋಗ ಆ ತಡೆಯನ್ನು ತಪ್ಪೆಂದಿತು. 2020ರ ಲಾಕ್‌ಡೌನಿನಲ್ಲಿ ಚಿತ್ರೀಕರಣ ನಿಂತಾಗ ‘ಮಹಾಭಾರತ’ದಂಥ ಡಬ್ಬಿಂಗ್ ಧಾರಾವಾಹಿಗಳು ಮನೆಮನೆಗೆ ನುಗ್ಗಿದವು. ಸೀತಾರಾಮರ ‘ಮಗಳು ಜಾನಕಿ’ ನಿಂತದ್ದು ಅದೇ ಹೊತ್ತಿನಲ್ಲಿ. ಡಬ್ಬಿಂಗ್ ತಡೆದದ್ದರಿಂದ ಸ್ವಂತ ಕತೆ ಬೆಳೆದವೇ ಎಂದರೆ ಅದೂ ಪೂರ್ತಿ ನಿಜವಲ್ಲ. ರೀಮೇಕಿಗೆ ತಡೆಯೇ ಇರಲಿಲ್ಲ. ಉಮಾಶ್ರೀ ಅವರ ‘ಪುಟ್ಟಕ್ಕನ ಮಕ್ಕಳು’ ಎಷ್ಟೇ ನಮ್ಮೂರಿನದೆನಿಸಿದರೂ ಅದರ ಮೂಲ ತೆಲುಗು ಧಾರಾವಾಹಿ. 2022ರಲ್ಲಿ ಸೀತಾರಾಮ್, ಶೇಷಾದ್ರಿ, ನಾಗೇಂದ್ರ ಶಾ ಮತ್ತೆ ಒಂದಾಗಿ ಸಿರಿ ಕನ್ನಡದಲ್ಲಿ ‘ಮತ್ತೆ ಮಾಯಾಮೃಗ’ ತಂದರು. ದೊಡ್ಡ ಚಾನೆಲ್‌ಗಳ ಹೊರಗೆ ಅದಕ್ಕೆ ಜಾಗ ಸಿಕ್ಕಿತೆಂಬುದೇ ಕಾಲ ಎತ್ತ ತಿರುಗಿದೆ ಎಂಬುದನ್ನು ಹೇಳುತ್ತದೆ.

ಈ ಎಲ್ಲ ಓಡಾಟದಲ್ಲಿ ಮಂಡ್ಯದ ಮಾತಿಗೆ ಮಾತ್ರ ಎರಡೂ ಪರದೆಗಳಲ್ಲಿ ಅನ್ಯಾಯವಾಗಿದೆ. ಧಾರಾವಾಹಿಯ ಯಜಮಾನಿ ಬೆಂಗಳೂರಿನ ಪುಸ್ತಕದ ಕನ್ನಡ ಆಡುತ್ತಾಳೆ. ‘ಏನ್ಲಾ’, ‘ಬಂದವ್ನೆ’ ಎನ್ನುವುದು ಮನೆಗೆಲಸದವನ ಪಾಲು, ಇಲ್ಲವೇ ಹಾಸ್ಯದ ಪಾಲು. ಸಿನಿಮಾದಲ್ಲಿ ಮಚ್ಚು ಹಿಡಿದವನ ಪಾಲು. ಈ ಮಾತಿನಲ್ಲಿ ಸಾವು, ಆಸ್ತಿ, ಪ್ರೀತಿ, ಬೇಸರ ಎಲ್ಲವನ್ನೂ ಆಡಬಹುದೆಂದು ತೋರಿಸಿದ್ದು ‘ತಿಥಿ’. ರಾಮ್ ರೆಡ್ಡಿ ನಿರ್ದೇಶನದ ಈ ಚಿತ್ರದ ಬರವಣಿಗೆಯಲ್ಲಿ ಜೊತೆಯಾದವರು ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನ ಈರೇಗೌಡ. ಚಿತ್ರೀಕರಣವೂ ಅಲ್ಲೇ, ನಟಿಸಿದವರೂ ಹಳ್ಳಿಯ ಜನರೇ. ಸೆಂಚುರಿಗೌಡ ಸಾಯುವ ದಿನದಿಂದ ಹನ್ನೊಂದನೇ ದಿನದ ತಿಥಿಯವರೆಗಿನ ಕತೆ. ಮಗ ಗಡ್ಡಪ್ಪನಿಗೆ ಆಸ್ತಿ ಬೇಡ, ಬೀಡಿ ಮತ್ತು ಬಾಟಲಿ ಇದ್ದರೆ ಸಾಕು. ಮೊಮ್ಮಗ ತಮ್ಮಣ್ಣನಿಗೆ ಜಮೀನು ಮಾರಲೇಬೇಕು. ಮರಿಮಗ ಅಭಿಗೆ ಕುರಿ ಮೇಯಿಸುವ ಹುಡುಗಿಯ ಹಿಂದೆ ಹೋಗಬೇಕು. 2015ರಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಇದು ಚಿನ್ನದ ಚಿರತೆ ಗೆದ್ದಿತು. ದಿನಕ್ಕೊಂದು ಸಂಚಿಕೆಯಂತೆ ಹನ್ನೊಂದು ಸಂಚಿಕೆ ಮಾಡಿದ್ದರೂ ಕತೆ ಸೊರಗುತ್ತಿರಲಿಲ್ಲ ಎನಿಸುತ್ತದೆ. ಆದರೆ ಅಂಥದ್ದನ್ನು ಕೊಳ್ಳುವ ಚಾನೆಲ್ ಆಗ ಯಾವುದಿತ್ತು?

ಹನ್ನೊಂದು, ಹದಿಮೂರರ ಅಳತೆ ಈಗ ವೆಬ್ ಸರಣಿಯ ಹೆಸರಿನಲ್ಲಿ ವಾಪಸು ಬರುತ್ತಿದೆ, ಕನ್ನಡಕ್ಕೆ ತಡವಾಗಿ. ಕರಾವಳಿಯ ಏಳು ಕತೆಗಳ ‘ಏಕಂ’ ಸಿದ್ಧವಾಗಿದ್ದರೂ ಕೊಳ್ಳುವವರು ಸಿಗದೆ, 2024ರಲ್ಲಿ ಅದನ್ನು ಮಾಡಿದವರೇ ತಮ್ಮ ತಾಣದಲ್ಲಿ ಬಿಡುಗಡೆ ಮಾಡಬೇಕಾಯಿತು. ಮರುವರ್ಷ ಝೀ5ರಲ್ಲಿ ‘ಅಯ್ಯನ ಮನೆ’ ಬಂತು. ಅದರ ನಿರ್ದೇಶಕ ರಮೇಶ್ ಇಂದಿರಾ ಧಾರಾವಾಹಿಯಲ್ಲಿ ಪಳಗಿ, ‘ಪ್ರೀಮಿಯರ್ ಪದ್ಮಿನಿ’ ಸಿನಿಮಾ ಮಾಡಿ ಬಂದವರು. ಎರಡು ಪರದೆಯ ನಿರ್ದೇಶಕರ ಹಳೆಯ ಸಾಲಿಗೇ ಸೇರುವವರು.

ಇಂಥ ಅಳತೆಗೆ ಮಂಡ್ಯದಲ್ಲಿ ಕತೆಗಳಿಗೆ ಬರವಿಲ್ಲ. ಮದ್ದೂರಿನ ಶಿವಪುರವನ್ನೇ ತೆಗೆದುಕೊಳ್ಳಿ. 1938ರ ಏಪ್ರಿಲ್ ಎರಡನೇ ವಾರ ಅಲ್ಲಿ ಮೈಸೂರು ಕಾಂಗ್ರೆಸ್ಸಿನ ಅಧಿವೇಶನ. ಕಾಂಗ್ರೆಸ್ ಬಾವುಟ ಹಾರಿಸಬಾರದೆಂದು ಸಂಸ್ಥಾನದ ನಿಷೇಧಾಜ್ಞೆ. ಸುತ್ತಲ ಹಳ್ಳಿಗಳಿಂದ ಬಂದು ಸೇರಿದ ಸಾವಿರಾರು ರೈತರ ಎದುರು ಅಧಿವೇಶನದ ಅಧ್ಯಕ್ಷ ಟಿ. ಸಿದ್ದಲಿಂಗಯ್ಯ ಬಾವುಟ ಏರಿಸಿ ಬಂಧನಕ್ಕೊಳಗಾದರು. ಅದೇ ತಿಂಗಳ 25ಕ್ಕೆ ವಿದುರಾಶ್ವತ್ಥದಲ್ಲಿ ಇದೇ ಬಾವುಟಕ್ಕಾಗಿ ಸೇರಿದವರ ಮೇಲೆ ಗೋಲಿಬಾರು. ಮೇ ತಿಂಗಳಲ್ಲಿ ದಿವಾನ್ ಮಿರ್ಜಾ ಇಸ್ಮಾಯಿಲ್ ಮತ್ತು ವಲ್ಲಭಭಾಯಿ ಪಟೇಲರ ನಡುವೆ ಒಪ್ಪಂದವಾಗಿ ಕಾಂಗ್ರೆಸ್ ಬಾವುಟಕ್ಕೆ ಮೈಸೂರಿನ ಬಾವುಟದ ಪಕ್ಕ ಜಾಗ ಸಿಕ್ಕಿತು. ಒಂದು ಗದ್ದೆ ಬಯಲು, ಒಂದು ಆಜ್ಞೆ, ಒಂದು ಕಡೆ ಪೊಲೀಸರು, ಇನ್ನೊಂದು ಕಡೆ ಮನೆಯಿಂದ ಬುತ್ತಿ ಕಟ್ಟಿಕೊಂಡು ಬಂದ ಜನ, ದೂರದ ಅರಮನೆಯಲ್ಲಿ ಲೆಕ್ಕ ಹಾಕುವ ದಿವಾನರು. ಆರಂಭ, ನಡು, ಮುಕ್ತಾಯ ಮೂರೂ ಚರಿತ್ರೆಯೇ ಬರೆದಿಟ್ಟದ್ದು. ನಾಗತಿಹಳ್ಳಿಯವರು ‘ಟೆಂಟ್ ಸಿನಿಮಾ’ ಎಂಬ ಶಾಲೆ ಕಟ್ಟಿ ಹೊಸಬರಿಗೆ ಕಲಿಸುತ್ತಿದ್ದಾರೆ, ಈರೇಗೌಡರು ‘ಬಳೆಕೆಂಪ’ದಿಂದ ತಾವೇ ನಿರ್ದೇಶಕರಾಗಿದ್ದಾರೆ. ಶಿವಪುರದ ಆ ಆರು ವಾರಗಳನ್ನು ಎಂಟು ಕಂತಿಗೆ ಹರವಿ, ಮಂಡ್ಯದ ಮಾತಿನಲ್ಲೇ ಬರೆದು ತಂದರೆ ಹಣ ಹೂಡುವವರು ಬೇಕು. ಬರೆಯುವವರೂ ನಿರ್ದೇಶಿಸುವವರೂ ಜಿಲ್ಲೆಯಲ್ಲೇ ಇದ್ದಾರೆ.